ಜಪ್ತಿಯ ವಾಹನಗಳೂ ಬಿಡುಗಡೆಯ ಷರತ್ತುಗಳೂ

ಪರವಾನಿಗೆಯಿಲ್ಲದೆ ಹೊಳೆಯ ಉಸುಕನ್ನು ಸಾಗಿಸುವಾಗ ಸಿಕ್ಕಿಬಿದ್ದ ಲಾರಿ, ಟ್ರಾಕ್ಟರುಗಳನ್ನು ಯಾವ ಷರತ್ತಿನ ಮೇಲೆ ಮಾಲಿಕರಿಗೆ ಮರಳಿಸಬೇಕೆಂಬ ಪ್ರಶ್ನೆಯು ಮೇಲಿಂದ ಮೇಲೆ ಉಚ್ಚ ನ್ಯಾಯಾಲಯಗಳ ಮುಂದೆ ಬರುತ್ತಲಿದೆ. ಇದು ವಕೀಲರ ವಾಗ್ವಾದಕ್ಕೆ ಮಾತ್ರ ಸಂಬಂಧಿಸಿದ ಸಣ್ಣ ವಿಷಯವೆಂದು ಕೆಲವರಿಗೆ ತೋರಬಹುದು. ನಮಗೆ ಹಾಗೆ ತೋರುವದಿಲ್ಲ. ಹಿಡಿದ ಗಾಡಿಯು ಎಂಟು ದಿನಗಳೊಳಗೆ ತಿರುಗಿ ತುಂಗಭದ್ರೆಗೋ ಭೀಮೆಗೋ ಇಳಿಯುವದೋ, ಇಲ್ಲವೆ ಠಾಣೆಯ ಅಂಗಳದಲ್ಲಿ ತುಕ್ಕು ಹಿಡಿದು ಮಣ್ಣುಗೂಡುವದೋ ಎಂಬುದು ಈ ಷರತ್ತುಗಳನ್ನೇ ಅವಲಂಬಿಸಿರುವದು.

1957ರ ಗಣಿ ಮತ್ತು ಖನಿಜಗಳ ಕಾಯದೆಯ 21ನೆಯ ಕಲಮಿನ ಮೇರೆಗೆ ಅಧಿಕಾರ ಹೊಂದಿದ ಅಧಿಕಾರಿಯು ವಾಹನವನ್ನು ಜಪ್ತು ಮಾಡಬಹುದು; ಆದರೆ ಅದನ್ನು ಶಾಶ್ವತವಾಗಿ ಮುಟ್ಟುಗೋಲು ಹಾಕುವ ಅಧಿಕಾರವು ನ್ಯಾಯಾಲಯದ್ದು. ಇವೆರಡರ ನಡುವಣ ಕಾಲದಲ್ಲಿ ವಾಹನವನ್ನು ಏನು ಮಾಡಬೇಕು? ವಾಹನಗಳನ್ನು ಠಾಣೆಗಳಲ್ಲಿ ಬಹುಕಾಲ ನಿಲ್ಲಿಸಿಡುವದರಿಂದ ಯಾರಿಗೂ ಪ್ರಯೋಜನವಿಲ್ಲವೆಂದೂ, ತಕ್ಕ ಮುಚ್ಚಳಿಕೆ, ಜಾಮೀನುಗಳನ್ನು ಪಡೆದು ಬಿಟ್ಟುಕೊಡಬೇಕೆಂದೂ ಸರ್ವೋಚ್ಚ ನ್ಯಾಯಾಲಯವು 2002ರಲ್ಲಿ ಸುಂದರಭಾಯಿ ಅಂಬಾಲಾಲ ದೇಸಾಯಿ ಮೊಕದ್ದಮೆಯಲ್ಲಿ ಹೇಳಿತು. 2024ರ ಜುಲೈ 1ರಿಂದ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯಾದರೋ, ಹಾಜರುಪಡಿಸಿದ ಸ್ವತ್ತಿನ ವಿವರಪಟ್ಟಿಯನ್ನು 14 ದಿನಗಳೊಳಗೆ ಸಿದ್ಧಪಡಿಸಿ, ಛಾಯಾಚಿತ್ರ ತೆಗೆಯಿಸಿ, ಮುಂದಿನ 30 ದಿನಗಳಲ್ಲಿ ವಿಲೇವಾರಿಯ ಆಜ್ಞೆಯನ್ನು ಮಾಡತಕ್ಕದ್ದೆಂದು ವಿಧಿಸಿದೆ.

ಬಿಡಬೇಕು ಸರಿ, ಎಷ್ಟು ಹಣಕ್ಕೆ ಬಿಡಬೇಕು? ತೊಡಕು ಇರುವದು ಇಲ್ಲಿಯೇ. ರಾಷ್ಟ್ರೀಯ ಹಸಿರು ನ್ಯಾಯಾಧಿಕರಣವು 2019ರಲ್ಲಿ, ಅಕ್ರಮ ಗಣಿಗಾರಿಕೆಗೆ ಬಳಸಿದ ವಾಹನವನ್ನು ಅದರ ಅಂಗಡಿ ಬೆಲೆಯ ಅರ್ಧ ಭಾಗವನ್ನು ಕಟ್ಟಿದ ಹೊರತು ಬಿಡಲಾಗದೆಂದು ಆಜ್ಞಾಪಿಸಿತು. ಹೊಳೆಗಳ ದುರ್ದೆಸೆಯನ್ನು ಕಂಡ ನಮಗೆ ಆ ಕಾಠಿಣ್ಯದ ಕಾರಣವು ತಿಳಿಯದೆ ಇಲ್ಲ. ಆದರೆ ಹನ್ನೆರಡು ವರ್ಷ ದುಡಿದು ಸವೆದ ಟ್ರಾಕ್ಟರಿಗೆ ಹೊಸದರ ಅರ್ಧ ಬೆಲೆಯನ್ನು ತೆರುವ ಹುಚ್ಚು ಯಾರಿಗಿರುವದು! ಮಾಲಿಕನು ಅದನ್ನು ಅಲ್ಲಿಯೇ ಬಿಟ್ಟು ನಡೆಯುವನು. 2020ರಲ್ಲಿ ನ್ಯಾಯಾಧಿಕರಣವೇ ಇದನ್ನು ಸಡಿಲಿಸಿ, ವಾಹನದ ಬೆಲೆ ಮತ್ತು ವಯಸ್ಸನ್ನು ನೋಡಿ 4 ಲಕ್ಷ, 3 ಲಕ್ಷ, 2 ಲಕ್ಷ ರೂಪಾಯಿಗಳೆಂದು ಮೂರು ದರಗಳನ್ನು ಗೊತ್ತುಮಾಡಿತು.

ಈ ದರಗಳು ಯಾರ ಮೇಲೆ ಹೇಗೆ ಬೀಳುವವೆಂಬುದನ್ನು ವಾಚಕರು ಸ್ವಲ್ಪ ಗಮನಿಸಬೇಕು. ಅರ್ಧ ಕೋಟಿ ಬೆಲೆಬಾಳುವ ಅಗೆಯುವ ಯಂತ್ರದ ಒಡೆಯನಿಗೆ 4 ಲಕ್ಷವು ವ್ಯಾಪಾರದ ಖರ್ಚಿನಲ್ಲಿ ಒಂದು ಬಾಬು. ಕೆಲವು ವಾರಗಳ ಉಸುಕಿನಲ್ಲಿ ಅದನ್ನು ಅವನು ತಿರುಗಿ ಗಳಿಸಿಕೊಳ್ಳುವನು. ಹಳೆಯ ಟ್ರಾಕ್ಟರಿನ ರೈತನಿಗಾದರೋ 2 ಲಕ್ಷವೆಂದರೆ ಗಾಡಿಯ ಇಡೀ ಬೆಲೆಯೇ ಆಗಬಹುದು. ಗಾಡಿಯು ಠಾಣೆಯಲ್ಲಿ ನಿಂತಿತೆಂದು ಬ್ಯಾಂಕಿನ ಕಂತು ನಿಲ್ಲುವದಿಲ್ಲ. ಹೀಗೆ ದೊಡ್ಡವನಿಗೆ ಸುಂಕವಾಗಿಯೂ ಸಣ್ಣವನಿಗೆ ಶಿಕ್ಷೆಯಾಗಿಯೂ ಪರಿಣಮಿಸುವ ಷರತ್ತನ್ನು ಮೇಲಿನ ನ್ಯಾಯಾಲಯಗಳು ಪುನಃ ಪರಿಶೀಲಿಸುವದು ಯುಕ್ತವೇ ಆಗಿದೆ. ಅಪರಾಧವು ಸಿದ್ಧವಾಗುವ ಮುಂಚೆ ಪಡೆಯುವ ಜಾಮೀನು ವಾಹನವನ್ನು ಕರೆದಾಗ ತಂದು ನಿಲ್ಲಿಸುವದಕ್ಕಾಗಿಯೇ ಹೊರತು ದಂಡವನ್ನು ಮುಂಗಡವಾಗಿ ವಸೂಲು ಮಾಡುವದಕ್ಕಲ್ಲ.

ಆದರೆ ಸರಕಾರದ ವಶದಲ್ಲಿದ್ದರೆ ಸ್ವತ್ತು ಸುರಕ್ಷಿತವೆಂಬ ವಾದವನ್ನೂ ನಾವು ಒಪ್ಪಲಾರೆವು. ಬೇಲೇಕೇರಿ ಬಂದರದಲ್ಲಿ 2010ರಲ್ಲಿ ಜಪ್ತು ಮಾಡಿದ ಕಬ್ಬಿಣದ ಅದಿರು ಲಕ್ಷಗಟ್ಟಲೆ ಟನ್ನುಗಳಷ್ಟು ಹಡಗು ಹತ್ತಿ ಪರದೇಶಕ್ಕೆ ಹೋಯಿತು! ವಿಶೇಷ ನ್ಯಾಯಾಲಯದ ತೀರ್ಪು ಬಂದದ್ದು 2024ರ ಅಕ್ಟೋಬರದಲ್ಲಿ.

ಇನ್ನು ಇಲಾಖೆಯ ಮಾತು. 22ನೆಯ ಕಲಮಿನ ಮೇರೆಗೆ ಅಧಿಕೃತ ಅಧಿಕಾರಿಯು ಬರಹದ ದೂರನ್ನು ಸಲ್ಲಿಸದ ಹೊರತು ನ್ಯಾಯಾಲಯವು ಈ ಕಾಯದೆಯ ಅಪರಾಧವನ್ನು ವಿಚಾರಣೆಗೆ ತೆಗೆದುಕೊಳ್ಳುವಂತಿಲ್ಲ, ವಿಚಾರಣೆಯಿಲ್ಲದೆ ಮುಟ್ಟುಗೋಲಿಲ್ಲ. ದೂರು ಸಲ್ಲಿಸುವದರಲ್ಲಿ ಆಲಸ್ಯ ಮಾಡಿ, ವಾಹನವನ್ನು ಬಿಟ್ಟಾಗ ಮಾತ್ರ ನ್ಯಾಯಾಲಯದತ್ತ ಬೆರಳು ತೋರಿಸುವದು ಅಧಿಕಾರಿಗಳಿಗೆ ಶೋಭಿಸುವ ನಡತೆಯಲ್ಲ. ಜಾಮೀನಿನ ಮೊತ್ತವು ವಾಹನದ ಇಂದಿನ ಬೆಲೆಗೆ ಅನುಗುಣವಾಗಿರಲಿ. ಎರಡನೆಯ ಸಲ ಸಿಕ್ಕ ವಾಹನಕ್ಕೆ ಮಾತ್ರ ಯಾವ ದಯೆಯೂ ಬೇಡ. ಜಪ್ತಿಯಾದ ಎಷ್ಟು ದಿನಗಳಿಗೆ ದೂರು ದಾಖಲಾಯಿತು, ಎಷ್ಟು ವಾಹನಗಳು ಪುನಃ ಸಿಕ್ಕವು ಎಂಬ ಲೆಕ್ಕವನ್ನು ಗಣಿ ಇಲಾಖೆಯು ಪ್ರತಿ ಜಿಲ್ಲೆಯಿಂದಲೂ ತಿಂಗಳಿಗೊಮ್ಮೆ ಪ್ರಕಟಿಸಬೇಕೆಂದು ನಾವು ಕೇಳುತ್ತೇವೆ.