ಬೇಲಿ ಹಾಕುವಾಗ ಒಂದು ತಡಮೆ ಬಿಡಿ

ಅಡಿಕೆ ಹೆಕ್ಕಲು ಬರುತ್ತಿದ್ದವರೊಬ್ಬರು ಕಳೆದ ವರ್ಷ ಬರುವುದು ನಿಲ್ಲಿಸಿದರು. ದಾರಿಯಲ್ಲಿ ಸಿಕ್ಕಾಗ ಕೇಳಿದೆ. "ನೀವು ಬೇಲಿ ಹಾಕಿದ ಮೇಲೆ ಸುತ್ತಿ ಬರ್ಬೇಕಲ್ಲ ಅಣ್ಣಾ. ರಿಕ್ಷಾಕ್ಕೆ ಕೊಟ್ರೆ ಸಂಬಳದಲ್ಲಿ ಉಳಿಯೋದೇನು?" ಅಂದರು.

ನನಗಿದು ಹೊಳೆದೇ ಇರಲಿಲ್ಲ. ತೋಟದೊಳಗಿಂದ ಅವರ ಮನೆಗೆ ಕಾಲು ಗಂಟೆ ದಾರಿ. ತೋಡಿಗೆ ಅಡಿಕೆ ಮರದ ಸಂಕ, ಗಡಿಯಲ್ಲಿ ತಡಮೆ. ಮುಳ್ಳುತಂತಿ ಎಳೆಸುವಾಗ ತಡಮೆ ಮುಚ್ಚಿಬಿಟ್ಟೆ. ರಸ್ತೆಯಲ್ಲಾದರೆ ಮುಕ್ಕಾಲು ಗಂಟೆ, ಅದೂ ಕಾದ ಡಾಮರಿನ ಮೇಲೆ. ಬೈಕಿನಲ್ಲಿ ಓಡಾಡುವ ನಮಗೆ ಇದು ಗೊತ್ತಾಗುವುದಿಲ್ಲ.

2023ರ ಜೂನ್ 11ರಿಂದ ಸಾಮಾನ್ಯ ಸರಕಾರಿ ಬಸ್ಸಿನಲ್ಲಿ ರಾಜ್ಯದ ಹೆಂಗಸರಿಗೆ ಪ್ರಯಾಣ ಉಚಿತವಾಯಿತು. ಒಳ್ಳೆಯದೇ. ಆದರೆ ದಕ್ಷಿಣ ಕನ್ನಡದಲ್ಲಿ ಖಾಸಗಿ ಬಸ್ಸನ್ನೇ ನಂಬಿದ ಊರುಗಳಿಗೆ ಅದರಿಂದೇನು ಬಂತು? ಬಸ್ಸೇ ಇಲ್ಲದ ಕಡೆ ಕಾಲೇ ಗತಿ.

ದಾರಿ ಬಿಡಲು ನಮ್ಮವರು ಹೆದರುವುದು ಎರಡಕ್ಕೆ. ಒಂದು ಕಳ್ಳರು. ಕಳ್ಳನಿಗೆ ತಡಮೆ ಬೇಕಾಗಿಲ್ಲ ಬಿಡಿ. ಮೂಲೆಯಲ್ಲಿ ಪೈಪು ಒಡೆದಿದೆ, ದನ ನುಗ್ಗಿದೆ ಎಂದು ಮೊದಲು ಹೇಳುತ್ತಿದ್ದದ್ದು ದಾರಿಹೋಕರೇ.

ಇನ್ನೊಂದು, "ಇಪ್ಪತ್ತು ವರ್ಷ ನಡೆದ್ರೆ ಹಕ್ಕಾಗ್ತದೆ" ಎಂಬ ಮಾತು. 1882ರ ಈಸ್‌ಮೆಂಟ್ ಕಾಯಿದೆಯಲ್ಲಿ 20 ವರ್ಷದ ಮಾತು ಇರುವುದು ನಿಜ. ಆದರೆ ಅದು ಹಕ್ಕೆಂದೇ ನಡೆದವರಿಗೆ. ನಮ್ಮ ಅನುಮತಿಯಿಂದ ನಡೆದವರಿಗೆ ಆ ಹಕ್ಕು ಹುಟ್ಟುವುದಿಲ್ಲ. ನಡೆಯುವ ಹಕ್ಕಿದ್ದ ಮಾತ್ರಕ್ಕೆ ಜೀಪು ಬಿಡುವ ಹಕ್ಕೂ ಬರುವುದಿಲ್ಲ. ಸಂಶಯವಿದ್ದರೆ ಅನುಮತಿ ಕೊಟ್ಟದ್ದನ್ನು ಒಂದು ಕಾಗದದಲ್ಲಿ ಬರೆದಿಟ್ಟುಕೊಳ್ಳಿ. ಪೂರ್ತಿ ಮುಚ್ಚುವುದು ಯಾಕೆ?

ಸುಳ್ಯದ ಗಿರೀಶ ಭಾರದ್ವಾಜರು 1989ರಲ್ಲಿ ಅರಂಬೂರಿನಲ್ಲಿ ಪಯಸ್ವಿನಿಗೆ ತೂಗುಸೇತುವೆ ಕಟ್ಟಿದ್ದು ನಡೆಯುವವರಿಗಾಗಿ. 2017ರಲ್ಲಿ ಅವರಿಗೆ ಪದ್ಮಶ್ರೀ ಬಂದಾಗ ನಾವೆಲ್ಲ ಹೆಮ್ಮೆಪಟ್ಟೆವು. ನಮ್ಮದೇ ತೋಡಿನ ಸಂಕ ಕೊಳೆತರೆ ಮಾತ್ರ ತಿರುಗಿ ನೋಡುವುದಿಲ್ಲ.

ಹೊಸದಾಗಿ ಬೇಲಿ ಹಾಕುವವರು ತಂತಿ ತರುವ ಮೊದಲು ಒಮ್ಮೆ ಗಡಿಯುದ್ದಕ್ಕೂ ನಡೆದು ನೋಡಿ. ಸವೆದ ಜಾಗ ಕಂಡಲ್ಲಿ, ಅಲ್ಲಿ ಯಾರೆಲ್ಲ ನಡೆಯುತ್ತಾರೆಂದು ವಿಚಾರಿಸಿ. ತಡಮೆಗೆ ನಾಲ್ಕು ಗೂಟ, ಎರಡು ಬಿದಿರು ಸಾಕು. ಮನುಷ್ಯ ದಾಟುತ್ತಾನೆ, ದನ ದಾಟುವುದಿಲ್ಲ.

ನಾನು ಮೊನ್ನೆ ತಂತಿ ತುಂಡು ಮಾಡಿ ತಡಮೆ ಇಟ್ಟೆ. ಸಂಕ ಬಾಕಿ ಇದೆ. ಗಾಳಿಗೆ ಬಿದ್ದ ಎರಡು ಮರ ಅದಕ್ಕೆಂದು ಎತ್ತಿಟ್ಟಿದ್ದೇನೆ.