ಸೋತ ದಿನದ ರನ್ನಿಗೂ ಲೆಕ್ಕವುಂಟು

ವಿದ್ಯಾರ್ಥಿ ಮಿತ್ರರೇ, 2024ರ ಐಪಿಎಲ್‌ನಲ್ಲಿ ನಮ್ಮ ಬೆಂಗಳೂರು ತಂಡ ಮೊದಲ 8 ಪಂದ್ಯಗಳಲ್ಲಿ ಗೆದ್ದದ್ದು ಒಂದೇ. ಉಳಿದದ್ದು 6. ಪ್ಲೇ ಆಫ್ ಸೇರಲು ಆರನ್ನೂ ಗೆಲ್ಲಬೇಕಿತ್ತು. ಪ್ರತಿ ಪಂದ್ಯದಲ್ಲೂ ಸೋಲು-ಗೆಲುವು ಸಮಸಮ ಎಂದುಕೊಂಡರೆ, ಅರ್ಧವನ್ನು ಆರು ಸಲ ಗುಣಿಸಿರಿ: 64ರಲ್ಲಿ 1. ಸಣ್ಣದು ನಿಜ, ಆದರೆ ಸೊನ್ನೆಯಲ್ಲ.

ತಂಡ ಆರನ್ನೂ ಗೆದ್ದಿತು. ಆದರೂ ನಾಲ್ಕು ತಂಡಗಳಿಗೆ ತಲಾ 14 ಅಂಕ! ಉಳಿದಿದ್ದ ಒಂದು ಸ್ಥಾನವನ್ನು ಇತ್ಯರ್ಥ ಮಾಡಿದ್ದು ನೆಟ್ ರನ್ ರೇಟ್. ಓವರಿಗೆ ಹೊಡೆದ ಸರಾಸರಿ ರನ್ನಿನಲ್ಲಿ ಕೊಟ್ಟ ಸರಾಸರಿಯನ್ನು ಕಳೆದರೆ ಅದು ಸಿಗುತ್ತದೆ. ಕೊನೆಯ ಪಂದ್ಯದಲ್ಲಿ ಚೆನ್ನೈಯನ್ನು ಕನಿಷ್ಠ 18 ರನ್ನಿನಿಂದ ಸೋಲಿಸಬೇಕಿತ್ತು, ಗೆದ್ದದ್ದು 27ರಿಂದ. ಬೆಂಗಳೂರಿಗೆ 0.459, ಚೆನ್ನೈಗೆ 0.392. ಮುಂದೆ ರಾಜಸ್ಥಾನದೆದುರು ಸೋತದ್ದು ಬೇರೆ ಮಾತು.

ಈ ಸರಾಸರಿಯಲ್ಲಿ ಸೋತ ಪಂದ್ಯಗಳೂ ಸೇರುತ್ತವೆ. ಹೈದರಾಬಾದಿನೆದುರು ಸೋತ ದಿನದ 262, ಕೋಲ್ಕತ್ತದೆದುರು ಒಂದೇ ರನ್ನಿನಿಂದ ಸೋತ ದಿನದ 221 ಎರಡೂ ಅದರಲ್ಲಿವೆ.

ಪಾಲಕರೇ, ನವಲಗುಂದವಿರಲಿ, ಕುಂದಗೋಳವಿರಲಿ, ಅರ್ಧವಾರ್ಷಿಕ ಪರೀಕ್ಷೆಯಲ್ಲಿ ಹಿಂದೆ ಬಿದ್ದ ಮಗುವಿಗೆ ‘ಮುಗೀತು ಬಿಡು’ ಎನ್ನುವ ಮುನ್ನ ಉಳಿದ ದಿನಗಳನ್ನು ಎಣಿಸಿರಿ. ಅದು ಈವರೆಗೆ ಕಲಿತಷ್ಟನ್ನೂ ಕೂಡಿಸಿರಿ.