ಕಾಡುಪಾಪ: ಇರುಳಿನಲ್ಲಿ ಬಾಳುವ ನಮ್ಮ ದೂರದ ನೆಂಟ

ಹಗಲಿನಲ್ಲಿ ಕೋತಿಗಳ ಚೇಷ್ಟೆಯನ್ನು ಕಾಣದ ಮನೆ ನಮ್ಮ ನಾಡಿನಲ್ಲಿ ಇರಲಾರದು. ಆದರೆ ಅದೇ ವಾನರವರ್ಗಕ್ಕೆ ಸೇರಿ, ಊರ ಅಂಚಿನ ಹುಣಿಸೆಮರದಲ್ಲಿಯೇ ಬಾಳನ್ನು ಸವೆಸುವ ಕಾಡುಪಾಪವನ್ನು ಕಣ್ಣಾರೆ ಕಂಡವರು ತೀರ ವಿರಳ. ಹೆಸರಿನಲ್ಲಿರುವ ‘ಪಾಪ’ವು ಎಳೆಗೂಸನ್ನು ಕುರಿತ ಮುದ್ದಿನ ಮಾತು, ಪಾಪ-ಪುಣ್ಯಗಳ ಪಾಪವಲ್ಲ. ಆದರೂ ನಮ್ಮ ಜನ ಈ ಎರಡನೆಯ ಅರ್ಥವನ್ನೇ ಅದರ ತಲೆಗೆ ಕಟ್ಟಿದಂತೆ ತೋರುತ್ತದೆ. ಆ ವಿಚಾರಕ್ಕೆ ಆಮೇಲೆ ಬರೋಣ.

ಕಾಡುಪಾಪದ ಉದ್ದ ಸುಮಾರು ಒಂದು ಗೇಣು. ತೂಕ ಕಾಲು ಕಿಲೋಗ್ರಾಂ ಆಸುಪಾಸು. ಬಾಲವಿಲ್ಲ. ಕಡ್ಡಿಯಂತಹ ಕೈಕಾಲು, ಮುಖದ ತುಂಬ ಕಣ್ಣು. ಕಣ್ಣಿನ ಹಿಂಭಾಗದಲ್ಲಿರುವ ಹೊಳಪಿನ ಪದರವು ಒಳಬಂದ ಬೆಳಕನ್ನು ಮತ್ತೊಮ್ಮೆ ಹಿಂದಕ್ಕೆ ಹಾಯಿಸುವುದರಿಂದ ನಕ್ಷತ್ರಗಳ ಮಂದ ಬೆಳಕೂ ಅದಕ್ಕೆ ಸಾಕಾಗುತ್ತದೆ. ದೀಪ ಬಿದ್ದೊಡನೆ ಆ ಕಣ್ಣುಗಳು ಕೆಂಡದಂತೆ ಹೊಳೆಯುವುದೂ ಇದೇ ಕಾರಣದಿಂದ. ಅದರಲ್ಲಿ ಭೂತಚೇಷ್ಟೆ ಏನೂ ಇಲ್ಲ.

ಕೋತಿಗಳಿಗೂ ನಮಗೂ ಮೂಲವಾದ ಶಾಖೆಯಿಂದ ಬಹು ಪ್ರಾಚೀನ ಕಾಲದಲ್ಲಿಯೇ ಕವಲೊಡೆದ ಸಂತತಿಯಿದು. ಮಡಗಾಸ್ಕರಿನ ಲೀಮರುಗಳೂ ಆಫ್ರಿಕದ ಗಲಾಗೊಗಳೂ ಇದರ ಹತ್ತಿರದ ಬಂಧುಗಳು. ಈಜಿಪ್ಟಿನ ಫಯೂಮ್ ಪ್ರದೇಶದಲ್ಲಿ ದೊರೆತು 2003ರಲ್ಲಿ ವಿವರಿಸಲ್ಪಟ್ಟ ಪಳೆಯುಳಿಕೆಗಳು, ಕಾಡುಪಾಪ-ಗಲಾಗೊಗಳ ವಂಶವು ಸುಮಾರು 3 ಕೋಟಿ 70 ಲಕ್ಷ ವರ್ಷಗಳ ಹಿಂದೆಯೇ ಇದ್ದಿತೆಂಬುದನ್ನು ತೋರಿಸಿಕೊಟ್ಟವು. ಒಂದು ಸ್ವಾರಸ್ಯವನ್ನು ಗೃಹಿಣಿಯರು ಗಮನಿಸಬೇಕು: ‘ಸಿ’ ಜೀವಸತ್ವವನ್ನು ದೇಹದೊಳಗೇ ತಯಾರಿಸಿಕೊಳ್ಳುವ ಶಕ್ತಿಯನ್ನು ಈ ಸಂತತಿ ಉಳಿಸಿಕೊಂಡಿದೆ. ಅದನ್ನು ಕಳೆದುಕೊಂಡ ಕೋತಿಗಳೂ ನಾವೂ ನೆಲ್ಲಿ, ನಿಂಬೆಗಳನ್ನು ಅರಸಬೇಕಾಯಿತು.

ಕಾಡುಪಾಪ ನೆಗೆಯುವುದಿಲ್ಲ. ಒಂದೊಂದೇ ಕೈಯನ್ನು ಎತ್ತಿ, ಕೊಂಬೆಯನ್ನು ಭದ್ರವಾಗಿ ಹಿಡಿದು, ಸದ್ದಿಲ್ಲದೆ ಸಾಗುತ್ತದೆ. ತೋರುಬೆರಳು ಮೋಟಾಗಿ, ಹೆಬ್ಬೆರಳು ಅಗಲಕ್ಕೆ ಚಾಚಿಕೊಂಡಿರುವುದರಿಂದ ಅದರ ಹಿಡಿತ ಇಕ್ಕಳದಂತಿರುತ್ತದೆ. ಕೈಕಾಲುಗಳಲ್ಲಿ ಜಾಲದಂತೆ ಹರಡಿದ ರಕ್ತನಾಳಗಳಿರುವುದರಿಂದ ಗಂಟೆಗಟ್ಟಲೆ ಹಿಡಿದರೂ ಜೋಮು ಹಿಡಿಯದೆಂದು ತಜ್ಞರ ಅಭಿಪ್ರಾಯ. ಆಹಾರ ಬಹುಪಾಲು ಹುಳುಹುಪ್ಪಟೆ, ಇರುವೆ, ಗೆದ್ದಲು. ರೈತನಿಗೆ ಅದರಿಂದ ನಷ್ಟವಿಲ್ಲ.

ಇದನ್ನು ಬಹುಕಾಲ ಒಂಟಿಜೀವಿಯೆಂದೇ ತಿಳಿಯಲಾಗಿತ್ತು. ತಮಿಳುನಾಡಿನ ದಿಂಡಿಗಲ್ ಬಳಿಯ ಅಯ್ಯಲೂರು ಕಾಡಿನಲ್ಲಿ ಮೈಸೂರು ವಿಶ್ವವಿದ್ಯಾನಿಲಯದ ಮೇವಾ ಸಿಂಗ್, ಸಿಂಧು ರಾಧಾಕೃಷ್ಣ ಮೊದಲಾದವರು ಇರುಳೆಲ್ಲ ಕಾದು ನಡೆಸಿದ ಅಧ್ಯಯನಗಳಿಂದ ಆ ಚಿತ್ರ ಬದಲಾಯಿತು. ರಾತ್ರಿ ಬೇರೆಬೇರೆಯಾಗಿ ಮೇಯುವ ಇವು ಹಗಲಾದೊಡನೆ ಮುಳ್ಳುಕಂಟಿಯ ನಡುವೆ ಒಟ್ಟಿಗೆ ಮುದುಡಿ ಮಲಗುತ್ತವೆ. ಸಿಳ್ಳಿನಂತಹ ಕೂಗಿನಿಂದ ಒಂದರ ಇರವನ್ನು ಇನ್ನೊಂದು ಅರಿಯುತ್ತವೆ. ಗಂಡು ಕೂಡ ಮರಿಗಳೊಡನೆ ಆಡುವುದುಂಟು.

ಇಂತಹ ನಿರುಪದ್ರವಿ ಜೀವಿಯನ್ನು ಮಾಟಮಂತ್ರದ ಹೆಸರಿನಲ್ಲಿ ಹಿಂಸಿಸುವವರು ಇನ್ನೂ ಇದ್ದಾರೆ. ಕಣ್ಣಿನಿಂದ ವಶೀಕರಣದ ಮದ್ದಾಗುತ್ತದೆ, ದಾರಿಯಲ್ಲಿ ಕಂಡರೆ ಅಪಶಕುನ, ಅದಕ್ಕೆ ಮುಳ್ಳು ಚುಚ್ಚಿದರೆ ಹಗೆಗೆ ನೋವಾಗುತ್ತದೆ ಎಂಬೆಲ್ಲ ಮಾತುಗಳು ಹಬ್ಬಿವೆ. ಸಕಲ ಜೀವಿಗಳಲ್ಲಿ ದಯೆಯನ್ನು ಬೋಧಿಸಿದ ಶರಣರ ನಾಡಿನಲ್ಲಿ ಇದನ್ನು ಕೇಳಿ ಸುಮ್ಮನಿರುವುದು ನಮಗಂತೂ ಸಾಧ್ಯವಿಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯ ಮೊದಲ ಪರಿಚ್ಛೇದದಲ್ಲಿ ಕಾಡುಪಾಪವೂ ಇದೆ. ಹುಲಿಗೆ ಇರುವ ರಕ್ಷಣೆಯೇ ಇದಕ್ಕೂ ಉಂಟು. ತುಮಕೂರು ಜಿಲ್ಲೆಯ ನಾಗವಲ್ಲಿಯಲ್ಲಿ ಶಾಲೆಯ ಅಧ್ಯಾಪಕರೂ ಮಕ್ಕಳೂ ಕೂಡಿ ಊರವರ ಮನಸ್ಸಿನಿಂದ ಈ ಭಯವನ್ನು ಬಿಡಿಸಲು ಶ್ರಮಿಸಿದ್ದಾರೆ. ತಮಿಳುನಾಡು ಸರ್ಕಾರವು 2022ರಲ್ಲಿ ಕರೂರು, ದಿಂಡಿಗಲ್ ಜಿಲ್ಲೆಗಳ ಕಡವೂರಿನ ಸುಮಾರು 11,800 ಹೆಕ್ಟೇರ್ ಕಾಡನ್ನು ಇದಕ್ಕಾಗಿಯೇ ಮೀಸಲಿಟ್ಟಿತು.

ಮೂಢನಂಬಿಕೆಗಿಂತಲೂ ದೊಡ್ಡ ಅಪಾಯ ಮರಗಳ ನಡುವಿನ ಅಂತರ. ನೆಗೆಯಲಾರದ ಪ್ರಾಣಿಗೆ ಕೊಂಬೆಗೆ ಕೊಂಬೆ ತಾಗಿದ್ದರೆ ಮಾತ್ರ ದಾರಿ. ರಸ್ತೆ ಅಗಲಿಸಲು ಸಾಲುಮರ ಉರುಳಿದೊಡನೆ ಅದು ನೆಲಕ್ಕಿಳಿಯಬೇಕು, ಇಲ್ಲವೇ ವಿದ್ಯುತ್ ತಂತಿಯನ್ನು ಹಿಡಿಯಬೇಕು, ನೆಲದಲ್ಲಿ ನಾಯಿ, ವಾಹನ, ತಂತಿಯಲ್ಲಿ ಸಾವು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಆವರಣದಂತಹ ಹಳೆಯ ತೋಪುಗಳಲ್ಲಿ ಇವು ಉಳಿದಿರುವುದು ಅಲ್ಲಿನ ಮರಗಳು ಇನ್ನೂ ಒಂದಕ್ಕೊಂದು ಹೆಣೆದುಕೊಂಡಿರುವುದರಿಂದ. ತೋಟದ ಬೇಲಿಯ ಮರವನ್ನು ಕಡಿಸುವ ಮುನ್ನ ನಮ್ಮ ರೈತಬಂಧುಗಳು ಒಂದು ರಾತ್ರಿ ಅಲ್ಲಿ ಸಿಳ್ಳು ಕೇಳಿಸುವುದೇ ಎಂದು ಕಿವಿಗೊಟ್ಟು ನೋಡಬಾರದೇಕೆ? ನೋಡಹೋಗುವವರು ಬಿಳಿಯ ಟಾರ್ಚನ್ನು ಕಣ್ಣಿಗೆ ಹಿಡಿಯಬಾರದು. ಗಾಜಿಗೆ ಕೆಂಪು ಕಾಗದ ಕಟ್ಟಿಕೊಂಡರೆ ಅದಕ್ಕೆ ಅಷ್ಟು ಬಾಧೆಯಾಗದು.

ಇನ್ನೊಂದು ಮಾತು. ಮರಿ ಸುಮಾರು ಐದೂವರೆ ತಿಂಗಳ ಗರ್ಭದ ಬಳಿಕ ಹುಟ್ಟುತ್ತದೆ, ಅನೇಕ ಬಾರಿ ಅವಳಿ. ಮೊದಲ ಕೆಲವು ವಾರ ತಾಯಿಯ ಹೊಟ್ಟೆಗೆ ಅಂಟಿಕೊಂಡಿರುವ ಮರಿಯನ್ನು ಆಮೇಲೆ ಅವಳು ಸಂಜೆಯಾದೊಡನೆ ಕೊಂಬೆಯೊಂದರ ಮೇಲೆ ಕೂರಿಸಿ ಮೇಯಲು ಹೋಗುತ್ತಾಳೆ. ಕತ್ತಲಲ್ಲಿ ಒಂಟಿಯಾಗಿರುವ ಮರಿ ಕಂಡರೆ ಅನಾಥವೆಂದು ಬಗೆದು ಮನೆಗೆ ತರಬೇಡಿರಿ. ಗಾಯವಾಗಿದ್ದರೆ ಅರಣ್ಯ ಇಲಾಖೆಗೆ ತಿಳಿಸಿರಿ. ಇಲ್ಲವಾದರೆ ಅದನ್ನು ಅಲ್ಲಿಯೇ ಬಿಡಿರಿ. ಬೆಳಕು ಹರಿಯುವ ಮುನ್ನ ತಾಯಿ ಅದೇ ಕೊಂಬೆಗೆ ಮರಳುತ್ತಾಳೆ.